ಆಪರೇಷನ್ ಆಗಿದ್ದು ಕುತ್ತಿಗೆಗೆ, ಊದಿದ್ದು ನಾಲಿಗೆ

ಆಯಿಗೆ, ಅಂದರೆ ನನ್ನ ಅಮ್ಮನಿಗೆ, ತೊಂದರೆ ಶುರುವಾಗಿದ್ದು ಕೈಯಲ್ಲಿ. ಮೆಟ್ಟುಗತ್ತಿ ಮುಂದೆ ಕೂತು ಅಡಿಕೆ ಸುಲಿಯುವುದರಲ್ಲಿ ಅವಳಷ್ಟು ಚುರುಕಿನವರು ನಮ್ಮ ಕೇರಿಯಲ್ಲಿ ಇರಲಿಲ್ಲ. ಅಂಥವಳ ಕೈಯಿಂದ ಅಡಿಕೆ ಜಾರಿ ಬೀಳತೊಡಗಿತು. ಆಮೇಲೆ ಕುಪ್ಪಸದ ಹುಕ್ಕು ಹಾಕಿಕೊಳ್ಳಲು ಆಗದಾಯಿತು. ಅಂಗಳ ದಾಟುವಾಗ ಕಾಲು ತಡವರಿಸುತ್ತಿತ್ತು. ಶಿರಸಿಯಲ್ಲಿ ತೋರಿಸಿದೆವು. ಎಂಆರ್‌ಐ ಆಯಿತು. ಕುತ್ತಿಗೆಯ ಮೂಳೆ ಸವೆದು, ಬೆನ್ನುಹುರಿ ಹೋಗುವ ದಾರಿ ಕಿರಿದಾಗಿದೆ, ಹೀಗೇ ಬಿಟ್ಟರೆ ಕೈಕಾಲು ಎರಡೂ ಸೋಲಬಹುದು, ಆಪರೇಷನ್ ಮಾಡಿಸಿ ಎಂದರು. ಇಂಥ ದೊಡ್ಡ ಕೆಲಸಕ್ಕೆ ನಮ್ಮ ಉತ್ತರ ಕನ್ನಡದವರು ಹುಬ್ಬಳ್ಳಿಗೋ ಮಣಿಪಾಲಕ್ಕೋ ಮಂಗಳೂರಿಗೋ ಗೋವಾಕ್ಕೋ ಹೋಗಬೇಕು. ನಾವು ಹುಬ್ಬಳ್ಳಿಯ ಒಂದು ಆಸ್ಪತ್ರೆಗೆ ಹೋದೆವು.

ಆಪರೇಷನ್ ಚೆನ್ನಾಗಿಯೇ ಆಯಿತು. ಈಗ ಆಯಿಯ ಕೈಗೆ ಶಕ್ತಿ ಬಂದಿದೆ. ಆದ್ದರಿಂದ ಅದರ ಬಗ್ಗೆ ಜಾಸ್ತಿ ಹೇಳುವುದಿಲ್ಲ. ನಾನು ಹೇಳಬೇಕಾಗಿರುವುದು ಅರಿವಳಿಕೆ ಕೊಟ್ಟ ಮೇಲೆ ಬಾಯಿಯಿಂದ ಗಂಟಲೊಳಗೆ ಇಳಿಸುವ ಆ ಉಸಿರಿನ ಟ್ಯೂಬ್ ಬಗ್ಗೆ. ಅದು ಜೀವ ಉಳಿಸುವ ಸಾಧನ, ಅದರಲ್ಲಿ ಎರಡು ಮಾತಿಲ್ಲ. ಆದರೆ ಟ್ಯೂಬ್ ತೆಗೆದರು ಅಂದ ಕೂಡಲೇ ಎಲ್ಲ ಮುಗಿಯಿತು ಎಂದು ಮನೆಯವರು ತಿಳಿಯುತ್ತಾರೆ. ನಮ್ಮ ವಿಷಯದಲ್ಲಿ ಹಾಗೆ ಮುಗಿಯಲಿಲ್ಲ. ನಾಲಿಗೆ ಊದಿತು, ನುಂಗಲು ತೊಂದರೆಯಾಯಿತು, ತಿಂಗಳುಗಟ್ಟಲೆ ಸ್ವರ ಹೋಯಿತು. ದೊಡ್ಡ ಆಸ್ಪತ್ರೆ ಗಂಟೆಗಟ್ಟಲೆ ದೂರ ಇರುವ ಊರಿನವರಿಗೆ ಇದು ಮೊದಲೇ ಗೊತ್ತಿರಬೇಕು ಅಂತ ನನಗೆ ತುಂಬಾ ಅನ್ನಿಸುತ್ತದೆ.

ಆಪರೇಷನ್ನಿನ ಹಿಂದಿನ ದಿನ ಅರಿವಳಿಕೆ ಡಾಕ್ಟರು ಬಂದು ಆಯಿಯನ್ನು ಪರೀಕ್ಷೆ ಮಾಡಿದ್ದರು. ಬಾಯಿ ದೊಡ್ಡದಾಗಿ ತೆಗೆಸಿದರು, ನಾಲಿಗೆ ಹೊರಗೆ ಚಾಚಿಸಿದರು, ಹಲ್ಲು ಅಲ್ಲಾಡುತ್ತದಾ ನೋಡಿದರು, ಕುತ್ತಿಗೆ ಎಷ್ಟು ಬಾಗುತ್ತದೆ ನೋಡಿದರು. ಯಾವ ಮಾತ್ರೆ ತೆಗೆದುಕೊಳ್ಳುತ್ತೀರಿ ಎಂದು ಕೇಳಿ ಬರೆದುಕೊಂಡರು. ಆಮೇಲೆ ಒಂದೆರಡು ದಿನ ಗಂಟಲು ನೋಯಬಹುದು, ಸ್ವರ ಒಡೆಯಬಹುದು, ಅದು ತಾನಾಗಿ ಹೋಗುತ್ತದೆ ಎಂದರು. ಅದು ನಿಜವೇ. ಟ್ಯೂಬ್ ಹಾಕಿಸಿಕೊಂಡವರಲ್ಲಿ ತುಂಬಾ ಜನರಿಗೆ ಅಷ್ಟೇ ಆಗುತ್ತದೆ. ನಾಲಿಗೆ ಊದುವುದು ಅಪರೂಪ.

ಆಪರೇಷನ್ ಥಿಯೇಟರಿನ ಹೊರಗೆ ಕೂತಿದ್ದಾಗ ಸಂಜೆಯಾಯಿತು. ಸರ್ಜನ್ ಹೊರಗೆ ಬಂದು, 'ಆಪರೇಷನ್ ಚಲೋ ಆಗೇತಿ. ಆದ್ರ ಅಮ್ಮಾರ ನಾಲಿಗೆ ಭಾಳ ಊದೇತಿ. ಟ್ಯೂಬ್ ತಗದಿಲ್ಲ. ಐಸಿಯುಗೆ ಹಂಗ ಶಿಫ್ಟ್ ಮಾಡ್ತೀವಿ' ಎಂದರು. ಕುತ್ತಿಗೆಗೆ ಆಪರೇಷನ್ ಮಾಡಿದರೆ ನಾಲಿಗೆ ಯಾಕೆ ಊದಬೇಕು? ನನಗೆ ತಲೆಬುಡ ತಿಳಿಯಲಿಲ್ಲ.

ಐಸಿಯುಗೆ ಒಬ್ಬರನ್ನೇ ಬಿಟ್ಟರು. ನಾನು ಹೋದೆ. ಆಯಿಯ ಮುಖವೇ ಬೇರೆಯಾಗಿತ್ತು. ಕಣ್ಣಿನ ರೆಪ್ಪೆ, ತುಟಿ, ಕೆನ್ನೆ ಎಲ್ಲ ಬಾತಿತ್ತು. ನಾಲಿಗೆ ಹಲ್ಲಿನ ಸಾಲು ದಾಟಿ ಹೊರಗೆ ಬಂದಿತ್ತು. ಬಾಯಿ ಮುಚ್ಚಲು ಜಾಗವೇ ಇರಲಿಲ್ಲ. ಬಣ್ಣ ಮಾಗಿದ ನೇರಳೆ ಹಣ್ಣಿನ ಹಾಗೆ. ಅಂಚಿನ ಉದ್ದಕ್ಕೂ ಹಲ್ಲಿನ ಗುರುತು ಸಾಲಾಗಿ ಕೂತಿತ್ತು. ಒಂದು ಮೂಲೆಯಲ್ಲಿ ಟ್ಯೂಬ್, ಅದನ್ನು ಕೆನ್ನೆಗೆ ಅಂಟಿಸಿದ ಬಿಳಿ ಪ್ಲಾಸ್ಟರ್. ಸಿಸ್ಟರ್ ಒಬ್ಬಳು ಸಲೈನ್‌ನಲ್ಲಿ ಅದ್ದಿದ ಗಾಜ್ ಬಟ್ಟೆಯನ್ನು ನಾಲಿಗೆಯ ಮೇಲೆ ಹಾಸುತ್ತಿದ್ದಳು. ಅದು ಒಣಗಿದ ಹಾಗೆ ತೆಗೆದು ಹೊಸದು ಹಾಕುತ್ತಿದ್ದಳು. ಹೊರಗೆ ಉಳಿದ ನಾಲಿಗೆ ಗಾಳಿಗೆ ಒಣಗಿ ಬಿರುಕು ಬಿಡುತ್ತದಂತೆ. ಹಲ್ಲು ಒತ್ತುವ ಜಾಗ ಹುಣ್ಣಾಗುತ್ತದಂತೆ. ಆ ಹುಡುಗಿ ರಾತ್ರಿಯಿಡೀ ಅದನ್ನೇ ಮಾಡಿದಳು. ಅವಳನ್ನು ನಾವು ಯಾವತ್ತೂ ಮರೆಯುವುದಿಲ್ಲ.

ಮರುದಿನ ಅರಿವಳಿಕೆ ಡಾಕ್ಟರು ನನ್ನನ್ನು ಕೂರಿಸಿಕೊಂಡು ಸಮಾಧಾನವಾಗಿ ಹೇಳಿದರು. ಈ ಆಪರೇಷನ್ ಮಾಡುವಾಗ ರೋಗಿಯನ್ನು ಬೋರಲು ಮಲಗಿಸುತ್ತಾರೆ. ಹಿಂದಿನಿಂದ ಕುತ್ತಿಗೆಯ ಮೂಳೆ ಸರಿಯಾಗಿ ಸಿಗಲಿ ಎಂದು ತಲೆಯನ್ನು ಮುಂದಕ್ಕೆ ಬಗ್ಗಿಸಿ ಬಿಗಿಯಾಗಿ ಹಿಡಿದಿಡುತ್ತಾರೆ. ಗಲ್ಲ ಎದೆಯ ಕಡೆ ಬರುತ್ತದೆ. ಬಾಯಲ್ಲಿ ಟ್ಯೂಬ್ ಇರುತ್ತದೆ, ಹಲ್ಲು ಕಚ್ಚದಂತೆ ಮಧ್ಯೆ ಒಂದು ಬೈಟ್ ಬ್ಲಾಕ್ ಇರುತ್ತದೆ. ಗಂಟೆಗಟ್ಟಲೆ ಹಾಗೇ ಇದ್ದಾಗ ನಾಲಿಗೆಯ ಬುಡ ಒತ್ತಿಹೋಗುತ್ತದೆ. ನಾಲಿಗೆಗೆ ರಕ್ತ ಬರುತ್ತದೆ, ವಾಪಸ್ ಹೋಗುವ ದಾರಿ ಕಟ್ಟುತ್ತದೆ. ನೀರು ತುಂಬಿಕೊಳ್ಳುತ್ತದೆ. ಅಂಗಾತ ಮಾಡಿ ಒತ್ತಡ ಬಿಟ್ಟ ಮೇಲೆ ರಕ್ತ ಒಮ್ಮೆಲೇ ನುಗ್ಗಿ, ಬಾವು ಕೆಲವು ಗಂಟೆ ಇನ್ನೂ ಏರುವುದೂ ಉಂಟು. ಅದಕ್ಕೇ ಮೊದಲ ರಾತ್ರಿಗಿಂತ ಮರುದಿನ ಬೆಳಿಗ್ಗೆ ನಾಲಿಗೆ ಇನ್ನೂ ದಪ್ಪ ಕಂಡಿತ್ತು.

ಇನ್ನೊಂದು ಪ್ರಶ್ನೆ ಕೇಳಿದರು. 'ಬಿಪಿ ಮಾತ್ರೆ ಯಾವುದು? ಹೆಸರು ಪಕ್ಕಾ ಹೇಳಿ.' ಆಪರೇಷನ್ನಿಗೆ ಮೊದಲು ಬರೆದುಕೊಂಡಿದ್ದನ್ನೇ ಮತ್ತೆ ಖಾತ್ರಿ ಮಾಡಿಕೊಳ್ಳುತ್ತಿದ್ದರು. ನಾನು ಮನೆಗೆ ಫೋನ್ ಮಾಡಿದೆ. ನಮ್ಮ ಊರಲ್ಲಿ ಫೋಟೋ ಕಳಿಸಬೇಕು ಅಂದರೆ ಹಿತ್ತಿಲ ಗುಡ್ಡ ಹತ್ತಬೇಕು, ಅಲ್ಲಿ ಮಾತ್ರ ನೆಟ್‌ವರ್ಕ್. ಹೆಂಡತಿ ಗುಡ್ಡ ಹತ್ತಿ ಮಾತ್ರೆಯ ಹಾಳೆಯ ಫೋಟೋ ವಾಟ್ಸಾಪ್ ಮಾಡಿದಳು. ರಾಮಿಪ್ರಿಲ್. ವರ್ಷಗಳಿಂದ ಆಯಿ ಅದನ್ನೇ ನುಂಗುತ್ತಿದ್ದಳು. ರಾಮಿಪ್ರಿಲ್, ಎನಾಲಾಪ್ರಿಲ್, ಲಿಸಿನೋಪ್ರಿಲ್, ಹೀಗೆ 'ಪ್ರಿಲ್' ಎಂದು ಮುಗಿಯುವ ಬಿಪಿ ಮಾತ್ರೆಗಳು ಕೆಲವರಲ್ಲಿ ಒಣಕೆಮ್ಮು ತರುತ್ತವೆ. ಅಪರೂಪಕ್ಕೆ ತುಟಿ, ನಾಲಿಗೆ, ಗಂಟಲು ಊದಿಸುತ್ತವೆ. ಮಾತ್ರೆ ಶುರು ಮಾಡಿ ವರ್ಷಗಳಾದ ಮೇಲೂ ಹೀಗಾಗಬಹುದು. ಇದು ಸಾಮಾನ್ಯ ಅಲರ್ಜಿ ಅಲ್ಲವಾದ್ದರಿಂದ ಅಲರ್ಜಿಯ ಇಂಜೆಕ್ಷನ್‌ಗೆ ಸರಿಯಾಗಿ ಬಗ್ಗುವುದೂ ಇಲ್ಲ. ಆಯಿಯ ನಾಲಿಗೆಗೆ ಮುಖ್ಯ ಕಾರಣ ಬೋರಲು ಮಲಗಿದ್ದೇ ಇರಬೇಕು, ಮಾತ್ರೆಯೂ ಕೈಸೇರಿಸಿರಬಹುದು ಎಂದರು. ಯಾವುದೇ ಇರಲಿ, ಆ ಮಾತ್ರೆ ಅವತ್ತಿಗೇ ಬಂದ್. ಬಿಪಿಗೆ ಬೇರೆ ಗುಂಪಿನ ಮಾತ್ರೆ ಬಂತು.

ಇಲ್ಲೊಂದು ಮಾತು ಹೇಳಿಯೇ ಮುಂದೆ ಹೋಗುತ್ತೇನೆ. ನಿಮ್ಮ ಮನೆಯ ಹಿರಿಯರ ಮಾತ್ರೆಗಳ ಹೆಸರು ನಿಮ್ಮ ಫೋನಿನಲ್ಲಿ ಇರಲಿ. 'ಬೆಳ್ಳಗಿನ ಸಣ್ಣ ಗುಳಿಗೆ' ಎಂದರೆ ಐಸಿಯುನಲ್ಲಿ ಯಾರಿಗೂ ಏನೂ ಉಪಯೋಗವಿಲ್ಲ.

ಟ್ಯೂಬ್ ಯಾಕೆ ತೆಗೆಯುವುದಿಲ್ಲ ಎಂದು ನಮ್ಮ ಮಾವ ಫೋನಿನಲ್ಲಿ ದಿನಾ ಕೇಳುತ್ತಿದ್ದರು. ವೆಂಟಿಲೇಟರ್ ಅಂದರೆ ಕಡೆಯ ಗಳಿಗೆ ಎಂದು ನಮ್ಮಲ್ಲಿ ಒಂದು ಭಯ ಇದೆ. ಆಯಿಯ ಶ್ವಾಸಕೋಶ ಚೆನ್ನಾಗಿತ್ತು. ಅವಳಿಗೆ ಬೇಕಿದ್ದದ್ದು ಯಂತ್ರದ ಉಸಿರಿಗಿಂತ ಹೆಚ್ಚಾಗಿ ಉಸಿರಿನ ದಾರಿ. ಊದಿದ ನಾಲಿಗೆ ಹಿಂದಕ್ಕೆ ಬಿದ್ದರೆ ಗಂಟಲು ಪೂರ್ತಿ ಮುಚ್ಚಿಹೋಗುತ್ತದೆ. ಟ್ಯೂಬ್ ಅವಸರದಲ್ಲಿ ತೆಗೆದು, ದಾರಿ ಮುಚ್ಚಿ, ಮತ್ತೆ ಹಾಕಲು ಹೋದರೆ ಅಷ್ಟು ದಪ್ಪ ನಾಲಿಗೆಯ ಹಿಂದೆ ಏನೂ ಕಾಣುವುದಿಲ್ಲ. ಅದಕ್ಕೇ ಕಾಯುತ್ತಿದ್ದೇವೆ ಎಂದರು. ಕಾದು ಕಾದೂ ಬಾವು ಇಳಿಯದಿದ್ದರೆ ಕುತ್ತಿಗೆಯ ಮುಂದೆ ಸಣ್ಣ ತೂತು ಮಾಡಿ ಅಲ್ಲಿಂದ ಟ್ಯೂಬ್ ಹಾಕುವುದು, ಅಂದರೆ ಟ್ರಾಕಿಯಾಸ್ಟಮಿ. ಅದರ ಕಾಗದಕ್ಕೂ ನನ್ನ ಸಹಿ ತೆಗೆದುಕೊಂಡಿಟ್ಟರು. ಸಹಿ ಹಾಕುವಾಗ ಕೈ ನಡುಗಿತು. ಅದರ ಅಗತ್ಯ ಬೀಳಲಿಲ್ಲ.

ಆ ದಿನಗಳಲ್ಲಿ ತಲೆಯ ಭಾಗ ಎತ್ತರಿಸಿ ಮಲಗಿಸಿದ್ದರು. ಡೆಕ್ಸಾಮೆಥಾಸೋನ್ ಎಂಬ ಸ್ಟಿರಾಯ್ಡ್ ಇಂಜೆಕ್ಷನ್ ಕೊಡುತ್ತಿದ್ದರು. ಟ್ಯೂಬ್ ಒಂದೇ ಕಡೆ ಒತ್ತದಂತೆ ಬಾಯಿಯ ಆ ಮೂಲೆಯಿಂದ ಈ ಮೂಲೆಗೆ ಸರಿಸುತ್ತಿದ್ದರು. ಟ್ಯೂಬಿನ ತುದಿಯ ಹತ್ತಿರ ಒಂದು ಸಣ್ಣ ಬಲೂನ್ ಇರುತ್ತದೆ. ಅದಕ್ಕೆ ಗಾಳಿ ತುಂಬಿ ಶ್ವಾಸನಾಳದೊಳಗೆ ಟ್ಯೂಬ್ ಸುತ್ತ ಜಾಗ ಮುಚ್ಚುತ್ತಾರೆ. ಅದರ ಒತ್ತಡವನ್ನು ಒಂದು ಪುಟ್ಟ ಮೀಟರಿನಲ್ಲಿ ಆಗಾಗ ಅಳೆಯುತ್ತಿದ್ದರು. 20ರಿಂದ 30 ಸೆಂಟಿಮೀಟರ್ ನೀರಿನ ಒತ್ತಡದೊಳಗೆ ಇರಬೇಕಂತೆ. ಕಮ್ಮಿಯಾದರೆ ಜೊಲ್ಲು ಶ್ವಾಸಕೋಶಕ್ಕೆ ಸೋರುತ್ತದೆ, ಜಾಸ್ತಿಯಾದರೆ ಶ್ವಾಸನಾಳದ ಒಳಗೋಡೆಗೆ ರಕ್ತ ಸಿಗದೆ ಗಾಯವಾಗುತ್ತದೆ. ಆ ಗಾಯವೇ ಮುಂದೆ ಗಂಟುಗಟ್ಟಿ ಉಸಿರಿನ ದಾರಿ ಕಿರಿದು ಮಾಡುವುದೂ ಇದೆ. ಆ ಪುಟ್ಟ ಮೀಟರನ್ನು ಕಂಡಾಗೆಲ್ಲ ನನಗೆ ಧೈರ್ಯ ಬರುತ್ತಿತ್ತು.

ಮತ್ತಿನ ಔಷಧಿ ಕಮ್ಮಿ ಮಾಡಿದಾಗ ಆಯಿ ಕಣ್ಣು ಬಿಟ್ಟಳು. ಮಾತಾಡಲು ನೋಡಿದಳು. ಟ್ಯೂಬ್ ಇದ್ದಾಗ ಮಾತು ಬರುವುದಿಲ್ಲ, ಯಾಕೆಂದರೆ ಗಾಳಿ ಧ್ವನಿತಂತುಗಳನ್ನು ಮುಟ್ಟದೆ ಟ್ಯೂಬೊಳಗೇ ಓಡಾಡುತ್ತದೆ. ಅದು ಅವಳಿಗೆ ಹೇಗೆ ಗೊತ್ತಾಗಬೇಕು? ಕಣ್ಣಲ್ಲಿ ನೀರು ಬಂತು. 'ಹೆದರಡ ಆಯಿ. ನಾ ಇಲ್ಲೇ ಇದ್ದಿ. ಬಾವು ಇಳಿತಡ' ಎಂದೆ. ಬರೆಯಲು ಕೈಗೆ ಶಕ್ತಿ ಇರಲಿಲ್ಲ. ಹೌದು ಅಂದರೆ ಒಮ್ಮೆ ಕಣ್ಣು ಮುಚ್ಚು, ಇಲ್ಲ ಅಂದರೆ ಎರಡು ಸಲ ಎಂದು ಮಾಡಿಕೊಂಡೆವು. ನೋವಾ, ಬಾಯಾರಿಕೆಯಾ, ಮಗ್ಗುಲು ತಿರುಗಿಸಬೇಕಾ, ಇಷ್ಟನ್ನು ಕೇಳುತ್ತಾ ಹೋದರೆ ಸಾಕಾಗುತ್ತಿತ್ತು. ಐಸಿಯುನಲ್ಲಿ ಸ್ವಲ್ಪ ಹೊತ್ತು ಸಿಕ್ಕಿದವರು ಸುಮ್ನೆ ನಿಂತು ಅಳಬೇಡಿ. ಇಂಥದ್ದೊಂದು ಒಪ್ಪಂದ ಮಾಡಿಕೊಳ್ಳಿ. ರೋಗಿಗೆ ಅದು ದೊಡ್ಡ ಆಸರೆ.

ಕ್ರಮೇಣ ನಾಲಿಗೆ ಹಲ್ಲಿನ ಒಳಗೆ ಹೋಯಿತು. ಆದರೂ ಟ್ಯೂಬ್ ತಕ್ಷಣ ತೆಗೆಯಲಿಲ್ಲ. ಮೊದಲು ಬಲೂನಿನ ಗಾಳಿ ಬಿಟ್ಟು, ಟ್ಯೂಬಿನ ಪಕ್ಕದಿಂದ ಉಸಿರು ಸೋರುತ್ತದಾ ಎಂದು ಕಿವಿಗೊಟ್ಟು ಕೇಳಿದರು. ಸೋರಿದರೆ ಗಂಟಲಲ್ಲಿ ಜಾಗ ಇದೆ ಎಂದು ಅರ್ಥ. ಆ ಬಲೂನಿಗೆ ಕಫ್ ಎಂದು ಹೆಸರು, ಹಾಗಾಗಿ ಇದಕ್ಕೆ ಕಫ್ ಲೀಕ್ ಟೆಸ್ಟ್ ಎನ್ನುತ್ತಾರೆ. ಮೊದಲ ಸಲ ಏನೂ ಸೋರಲಿಲ್ಲ. ಕಣ್ಣಿಗೆ ಕಾಣುವ ನಾಲಿಗೆ ಇಳಿದಿದ್ದರೂ ಕಾಣದ ಗಂಟಲು ಇನ್ನೂ ಊದಿತ್ತು. ಸ್ಟಿರಾಯ್ಡ್ ಮುಂದುವರಿಸಿ ಕಾದರು. ಮುಂದಿನ ಸಲ ಮಾಡಿದಾಗ ಸೊಂಯ್ ಎಂದು ಗಾಳಿ ಬಂತು. ಕಿವಿ, ಮೂಗು, ಗಂಟಲಿನ ಡಾಕ್ಟರನ್ನು ಕರೆಸಿ, ಟ್ರಾಕಿಯಾಸ್ಟಮಿ ಸೆಟ್ ಪಕ್ಕದಲ್ಲಿ ತೆರೆದಿಟ್ಟುಕೊಂಡು, ಹಗಲು ಹೊತ್ತಿನಲ್ಲೇ ಟ್ಯೂಬ್ ತೆಗೆದರು. ತೆಗೆಯುವಾಗ ಒಳಗೊಂದು ತೆಳ್ಳಗಿನ ನಳಿಗೆ ಬಿಟ್ಟಿದ್ದರಂತೆ. ಉಸಿರು ಕಟ್ಟಿದರೆ ಅದರ ಮೇಲೆಯೇ ಹೊಸ ಟ್ಯೂಬ್ ಜಾರಿಸಿ ಇಳಿಸಬಹುದು.

ಸ್ವಲ್ಪ ಹೊತ್ತಿಗೇ ಆಯಿ ಉಸಿರು ಎಳೆದುಕೊಳ್ಳುವಾಗ ಗೊರಗೊರ ಅಲ್ಲ, ಕೀರಲು ಶಬ್ದ ಬರತೊಡಗಿತು. ಇದು ಬೇರೆಯೇ ಶಬ್ದ. ಗೊರಕೆ ಅಲ್ಲ, ಕಫವೂ ಅಲ್ಲ. ಕಿರಿದಾದ ಗಂಟಲಿನಿಂದ ಗಾಳಿ ಒಳಗೆ ಹೋಗುವಾಗ ಬರುವ ಶಬ್ದ. ಸ್ಟ್ರೈಡರ್ ಅನ್ನುತ್ತಾರೆ. ಅಡ್ರಿನಲಿನ್ ಔಷಧಿಯನ್ನು ನೆಬುಲೈಸರ್‌ನಲ್ಲಿ ಹಾಕಿ ಮಾಸ್ಕ್ ಹಿಡಿದರು. ಶಬ್ದ ಕಮ್ಮಿಯಾಯಿತು. ಅದರ ಪರಿಣಾಮ ಇಳಿದ ಮೇಲೆ ಶಬ್ದ ಮತ್ತೆ ಬರಬಹುದು ಎಂದು ಕಣ್ಣಿಟ್ಟು ಕಾದರು. ಬರಲಿಲ್ಲ. ಆ ತೆಳ್ಳಗಿನ ನಳಿಗೆಯನ್ನೂ ತೆಗೆದರು.

ಆ ಶಬ್ದ ಕೇಳಿದ ಮೇಲೆ ನನಗೆ ಒಂದೇ ಯೋಚನೆ. ಇದು ಮನೆಗೆ ಹೋದ ಮೇಲೆ ಆದರೆ? ನಮ್ಮ ಮನೆಯಿಂದ ಶಿರಸಿ ಪೇಟೆಗೇ ಗುಡ್ಡ ಇಳಿದು ಹತ್ತಬೇಕು. ಅಲ್ಲಿಂದ ಹುಬ್ಬಳ್ಳಿಗೆ ನೂರು ಕಿಲೋಮೀಟರ್ ಆಸುಪಾಸು. ಕರಾವಳಿಗೆ ಹೋಗುತ್ತೇವೆ ಅಂದರೆ ದೇವಿಮನೆ ಘಾಟಿ ಇಳಿಯಬೇಕು, ಮಳೆಗಾಲದಲ್ಲಿ ಅದೂ ಭರವಸೆ ಇಲ್ಲ. 2022ರ ಜುಲೈಯಲ್ಲಿ ಹೊನ್ನಾವರದಿಂದ ರೋಗಿಯನ್ನು ಕರೆದೊಯ್ಯುತ್ತಿದ್ದ ಆಂಬುಲೆನ್ಸ್ ಉಡುಪಿ ಜಿಲ್ಲೆಯ ಶಿರೂರು ಟೋಲ್‌ಗೇಟಿನಲ್ಲಿ ಪಲ್ಟಿಯಾಗಿ ಜೀವಗಳು ಹೋದವು. ಜಿಲ್ಲೆಗೊಂದು ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಬೇಕು ಎಂದು ಆವಾಗ ಕಾರವಾರದಿಂದ ಭಟ್ಕಳದವರೆಗೆ, ಘಟ್ಟದ ಮೇಲೂ, ಜನ ದನಿ ಎತ್ತಿದರು. ಆ ಬೇಡಿಕೆ ಎಷ್ಟು ನ್ಯಾಯದ್ದು ಎನ್ನುವುದು ಐಸಿಯು ಹೊರಗಿನ ಬೆಂಚಿನ ಮೇಲೆ ಕೂತಾಗ ಚೆನ್ನಾಗಿ ಗೊತ್ತಾಗುತ್ತದೆ. ಅಡಿಕೆ ಕೊನೆ ಕೊಯ್ಯಲು ಮರ ಹತ್ತಿ ಬಿದ್ದ ಕೊನೆಗೌಡರು, ನಾಗರಹಾವು ಕಚ್ಚಿ ಉಸಿರಾಟದ ಸ್ನಾಯು ಸೋತವರು, ಅಪಘಾತದವರು, ಇವರಿಗೆಲ್ಲ ಇದೇ ಟ್ಯೂಬ್ ಬೇಕು. ಟ್ಯೂಬ್ ತೆಗೆದ ಮೇಲಿನ ಆರೈಕೆಯೂ ಬೇಕು. ಅದು ಮನೆಯ ಹತ್ತಿರ ಸಿಗಬೇಕು.

ವಾರ್ಡಿಗೆ ಬಂದ ಮೇಲೆ ನುಂಗುವ ಕಷ್ಟ ಶುರು. ಚಮಚದಲ್ಲಿ ನೀರು ಕೊಟ್ಟರೆ ಕೆಮ್ಮು. ನೀರು ಅನ್ನನಾಳಕ್ಕೆ ಹೋಗುವ ಬದಲು ಶ್ವಾಸನಾಳಕ್ಕೆ ಇಣುಕುತ್ತಿತ್ತು. ಮೂಗಿನಿಂದ ಹೊಟ್ಟೆಗೆ ಒಂದು ನಳಿಗೆ ಹಾಕಿ ಅದರಲ್ಲೇ ಆಹಾರ ಕೊಡುತ್ತಿದ್ದರು. ದಿನಾ ಒಬ್ಬ ಸ್ಪೀಚ್ ಥೆರಪಿಸ್ಟ್ ಬರುತ್ತಿದ್ದಳು. ಮಾತು ಕಲಿಸುವವರಿಗೆ ನುಂಗುವುದರಲ್ಲಿ ಏನು ಕೆಲಸ ಎಂದು ನಾನು ಕೇಳಿದೆ. ಮಾತು, ನುಂಗುವುದು ಎರಡಕ್ಕೂ ಅದೇ ನಾಲಿಗೆ, ಅದೇ ಗಂಟಲು ಅಲ್ವಾ ಎಂದಳು.

ಅವಳ ಕೆಲಸ ನೋಡುವುದೇ ಒಂದು ಪಾಠ. ಆಯಿಯನ್ನು ನೆಟ್ಟಗೆ ಕೂರಿಸುತ್ತಿದ್ದಳು. ಚಮಚದ ತುದಿಯಲ್ಲಿ ಇಷ್ಟೇ ಇಷ್ಟು ಗಟ್ಟಿ ಗಂಜಿ. 'ಅಮ್ಮಾ, ಈಗ ನುಂಗ್ರಿ' ಎಂದು ಗಂಟಲಿನ ಮೇಲೆ ಎರಡು ಬೆರಳು ಹಗುರಾಗಿ ಇಟ್ಟುಕೊಳ್ಳುತ್ತಿದ್ದಳು. ಗಂಟಲಿನ ಗಂಟು ಮೇಲಕ್ಕೆ ಏಳುತ್ತದಾ ಎಂದು ಬೆರಳಿಗೆ ಗೊತ್ತಾಗುತ್ತದೆ. ನುಂಗಿದ ಮೇಲೆ 'ಆ' ಅನ್ನಿ ಎನ್ನುತ್ತಿದ್ದಳು. ಸ್ವರ ಒದ್ದೆಯಾಗಿ, ಗುಳುಗುಳು ಕೇಳಿದರೆ ಏನೋ ಧ್ವನಿತಂತುವಿನ ಮೇಲೆ ಉಳಿದಿದೆ ಎಂದರ್ಥ. ಆಗ ಇನ್ನೊಮ್ಮೆ ಬರೀ ನುಂಗಿಸುತ್ತಿದ್ದಳು. ಬೇರೆ ರೋಗಿಗಳಿಗೆ ಗಲ್ಲ ತಗ್ಗಿಸಿ ನುಂಗಲು ಹೇಳುತ್ತಿದ್ದಳು. ಆಯಿಗೆ ಕುತ್ತಿಗೆಯ ಕಾಲರ್ ಇತ್ತು, ಆ ಉಪಾಯ ನಮಗೆ ಇರಲಿಲ್ಲ. ಹಾಗಾಗಿ ಸಣ್ಣ ತುತ್ತು, ಗಟ್ಟಿ ಪದಾರ್ಥ, ಅವಸರ ಇಲ್ಲ.

ಗಟ್ಟಿ ತಿನ್ನುವುದು ಕಷ್ಟ, ನೀರು ಸುಲಭ ಎಂದು ನಾವೆಲ್ಲ ತಿಳಿದಿರುತ್ತೇವೆ. ಗಂಟಲು ಸೋತವರಿಗೆ ಉಲ್ಟಾ. ತೆಳುವಾದದ್ದು ಹಿಡಿತಕ್ಕೆ ಸಿಗದೆ ಓಡುತ್ತದೆ. ರಾಗಿ ಮಣ್ಣಿ ಸಲೀಸಾಗಿ ಇಳಿಯುತ್ತಿತ್ತು. ಹಿಸುಕಿದ ಬಾಳೆಹಣ್ಣು ಇಳಿಯುತ್ತಿತ್ತು. ತಂಬುಳಿ ಸ್ವಲ್ಪ ಗಟ್ಟಿ ಮಾಡಿದರೆ ಅಡ್ಡಿಯಿಲ್ಲ. ನೀರಿನಷ್ಟು ತೆಳ್ಳಗಿನ ಮಾವಿನಕಾಯಿ ಸಾರು, ಅಪ್ಪೆಹುಳಿ, ಮಾತ್ರ ಕಡೆಗೆ ಬಂತು. ಊಟದ ಕೊನೆಗೆ ಲೋಟದಲ್ಲಿ ಅಪ್ಪೆಹುಳಿ ಕುಡಿಯದೆ ಎದ್ದವಳಲ್ಲ ಆಯಿ. ಅದನ್ನು ಕೆಮ್ಮದೆ ಕುಡಿಯಲು ಮನೆಗೆ ಬಂದ ಮೇಲೂ ವಾರಗಟ್ಟಲೆ ಹಿಡಿಯಿತು.

ಮಾತೂ ಹಾಗೇ. ಪ, ಬ, ಮ ಬರುತ್ತಿತ್ತು, ಅವು ತುಟಿಯಲ್ಲಿ ಹುಟ್ಟುತ್ತವೆ. ಟ, ಡ, ಳ ಬರುತ್ತಿರಲಿಲ್ಲ. ಅವಕ್ಕೆ ನಾಲಿಗೆಯ ತುದಿ ಮೇಲಕ್ಕೆ ಮಡಚಬೇಕು. ದಪ್ಪ ನಾಲಿಗೆ ಮಡಚುವುದಾದರೂ ಹೇಗೆ? 'ಬಾಳೆ' ಅನ್ನಲು ಹೋದರೆ ಬೇರೆ ಏನೋ ಕೇಳುತ್ತಿತ್ತು. ಅಂಚಿನಲ್ಲಿ ಹಲ್ಲು ಒತ್ತಿದ ಹುಣ್ಣು ಬೇರೆ. ಹುಣ್ಣು ಬೇಗ ಮಾಗಿತು. ನಾಲಿಗೆಯ ತುದಿಯ ಮರಗಟ್ಟುವಿಕೆ ಮಾತ್ರ ಬಹಳ ಕಾಲ ಇತ್ತು. 'ಎಂತದೂ ರುಚಿ ಗೊತ್ತಾಗ್ತಿಲ್ಲೆ. ಉಪ್ಪು ಹಾಕಿದ್ಯನೇ?' ಎಂದು ನನ್ನ ಹೆಂಡತಿಯನ್ನು ಕೇಳುತ್ತಿದ್ದಳು. ಉಪ್ಪು ಸರಿಯಾಗಿಯೇ ಇರುತ್ತಿತ್ತು. ನಾಲಿಗೆಯ ನರ ಒತ್ತಿಹೋದಾಗ ಹೀಗಾಗುತ್ತದೆ, ನಿಧಾನ ವಾಪಸ್ ಬರುತ್ತದೆ ಎಂದರು. ಬಂತು. ಮೊದಲು ಸಿಹಿ, ಆಮೇಲೆ ಉಪ್ಪು.

ಡಿಸ್ಚಾರ್ಜ್ ದಿನ ಅರಿವಳಿಕೆ ಡಾಕ್ಟರು ನನ್ನನ್ನು ಮತ್ತೆ ಕರೆದು ಮೂರು ಸಂಗತಿ ಹೇಳಿದರು. ಉಸಿರು ಎಳೆಯುವಾಗ ಕೀರಲು ಶಬ್ದ ಬಂದರೆ ರಾತ್ರಿಯಾದರೂ ಕಾಯಬೇಡಿ, ಹತ್ತಿರದ ಆಸ್ಪತ್ರೆಗೆ ಹೋಗಿ. ಸ್ವರ ಎರಡು ಮೂರು ವಾರದಲ್ಲಿ ಸರಿಯಾಗದಿದ್ದರೆ ಸ್ಕೋಪ್ ಮಾಡಿಸಿ ಗಂಟಲೊಳಗೆ ನೋಡಿಸಿ. ವಾರಗಳೋ ತಿಂಗಳುಗಳೋ ಕಳೆದ ಮೇಲೆ ಮೆಟ್ಟಿಲು ಹತ್ತುವಾಗ ಉಸಿರು ಸಾಲದೆ ಶಬ್ದ ಬಂದರೆ ಅದನ್ನು ಅಸ್ತಮಾ ಎಂದು ಸುಮ್ಮನೆ ಪಂಪ್ ತೆಗೆದುಕೊಳ್ಳಬೇಡಿ, ಟ್ಯೂಬ್ ಇದ್ದ ವಿಷಯ ಡಾಕ್ಟರಿಗೆ ಹೇಳಿ. ಶ್ವಾಸನಾಳ ಕಿರಿದಾಗುವುದು ತಡವಾಗಿಯೇ ಗೊತ್ತಾಗುತ್ತದೆ. ಇದನ್ನು ಅವರು ಕಾಗದದಲ್ಲೂ ಬರೆದುಕೊಟ್ಟರು. ಎಲ್ಲ ಕಡೆ ಹೀಗೆ ಹೇಳಿ ಕಳಿಸುವುದಿಲ್ಲ. ಹೇಳದಿದ್ದರೆ ನಾವೇ ಕೇಳಬೇಕು.

ಮನೆಗೆ ಬಂದ ಮೇಲೆ ನೋಡಲು ಬರುವವರ ಸಾಲು. ಬಾಳೆಹಣ್ಣು, ಬ್ರೆಡ್ಡು, ಕಿತ್ತಳೆ ಹಿಡಿದು ಪ್ರೀತಿಯಿಂದ ಬರುತ್ತಾರೆ. ಆಯಿಯನ್ನು ಮಾತಾಡಿಸುತ್ತಾರೆ. ಅವಳೂ ಸುಮ್ಮನಿರುವವಳಲ್ಲ. ಸ್ವರ ಒಡಕಾಗಿ, ಗಾಳಿ ಬೆರೆತು ಬರುತ್ತಿತ್ತು. ಶುಂಠಿ, ಕಾಳುಮೆಣಸಿನ ಕಷಾಯ ಕೊಡಿ ಎಂದರು ಒಬ್ಬರು. ಜ್ಯೇಷ್ಠಮಧು ಬಾಯಲ್ಲಿಡಿ ಎಂದರು ಇನ್ನೊಬ್ಬರು. ಬಿಸಿ ಕುಡಿದರೆ ಗಂಟಲಿಗೆ ಹಿತ ಅನ್ನಿಸುತ್ತದೆ, ಸರಿ. ಆದರೆ ನುಂಗಿದ್ದು ಹೋಗುವುದು ಅನ್ನನಾಳಕ್ಕೆ. ಧ್ವನಿತಂತು ಇರುವುದು ಉಸಿರಿನ ದಾರಿಯಲ್ಲಿ. ಕಷಾಯ ಅದನ್ನು ಮುಟ್ಟುವುದೇ ಇಲ್ಲ. ಖಾರ ಜಾಸ್ತಿಯಾಗಿ ಹುಳಿತೇಗು ಬಂದರೆ ಉಲ್ಟಾ ಕೆಟ್ಟದ್ದು.

ವಾರಗಳು ಕಳೆದವು. ನುಂಗುವುದು ಸುಧಾರಿಸಿತು, ಸ್ವರ ಸುಧಾರಿಸಲಿಲ್ಲ. ಇನ್ನೂ ಕೆಟ್ಟಿತು. ಗಂಟಲಲ್ಲಿ ಏನೋ ಸಿಕ್ಕಿಕೊಂಡಿದೆ ಎಂದು ಪದೇ ಪದೇ ಖ್ಯಾಕರಿಸುತ್ತಿದ್ದಳು. ಹಿತ್ತಿಲ ಬಾಗಿಲಲ್ಲಿ ನಿಂತು ತೋಟದಲ್ಲಿದ್ದ ನನ್ನನ್ನು ಕೂಗಿ ಕರೆಯುವುದು ನಿಂತುಹೋಯಿತು. ನಮ್ಮ ಕಡೆ ಮನೆ ಒಂದು ಕಡೆ, ತೋಟ ಇನ್ನೊಂದು ಕಡೆ. ಕೂಗಿದರೆ ಕೇಳಬೇಕು, ಇಲ್ಲವಾದರೆ ಇಳಿದು ಬರಬೇಕು. ಮೊಮ್ಮಗಳನ್ನು ಕಳಿಸುತ್ತಿದ್ದಳು.

ಶಿರಸಿಯಲ್ಲೇ ಕಿವಿ, ಮೂಗು, ಗಂಟಲಿನ ಡಾಕ್ಟರ ಹತ್ತಿರ ಹೋದೆವು. ಮೂಗಿಗೆ ಮರಗಟ್ಟಿಸುವ ಸ್ಪ್ರೇ ಹೊಡೆದು, ತೆಳ್ಳಗಿನ ಬಳ್ಳಿಯಂಥ ಸ್ಕೋಪನ್ನು ಮೂಗಿನಿಂದಲೇ ಇಳಿಸಿದರು. ಪರದೆಯ ಮೇಲೆ ಆಯಿಯ ಗಂಟಲು ಕಾಣಿಸಿತು. ಎರಡು ಬೆಳ್ಳಗಿನ ಪಟ್ಟಿ, ಉಸಿರೆಳೆದಾಗ ತೆರೆಯುತ್ತಿದ್ದವು, 'ಈ' ಅಂದಾಗ ಸೇರುತ್ತಿದ್ದವು. ಹಿಂದಿನ ತುದಿಯಲ್ಲಿ, ಒಂದು ಕಡೆ, ಕೆಂಪಗಿನ ಗುಂಡನೆಯ ಗಂಟು. ಅದರಿಂದಾಗಿ ಪಟ್ಟಿಗಳು ಪೂರ್ತಿ ಸೇರುತ್ತಿರಲಿಲ್ಲ. ಅದೇ ಜಾಗದಲ್ಲಿ ಟ್ಯೂಬ್ ಒರಗಿ ಕೂತಿರುತ್ತದೆ. ಅಲ್ಲಿ ಚರ್ಮ ಸುಲಿದು, ಮಾಗುವಾಗ ಮಾಂಸ ಬೆಳೆಯುತ್ತದೆ. ಗ್ರಾನುಲೋಮಾ ಎನ್ನುತ್ತಾರೆ. ಟ್ಯೂಬ್ ತೆಗೆದ ಕೂಡಲೇ ಇದು ಇರುವುದಿಲ್ಲ, ವಾರಗಳಾದ ಮೇಲೆ ಬೆಳೆಯುತ್ತದೆ. ಕ್ಯಾನ್ಸರ್ ಅಲ್ಲ ಎಂದು ಡಾಕ್ಟರು ಮೊದಲೇ ಹೇಳಿದರು. ನಾವು ಕೇಳುವ ಮೊದಲೇ ಅದನ್ನು ಹೇಳಿದ್ದಕ್ಕೆ ಅವರಿಗೆ ಕೈ ಮುಗಿಯಬೇಕು.

ಮಾತಾಡುವಾಗ ಈ ಪಟ್ಟಿಗಳು ಹೇಗೆ ಕುಣಿಯುತ್ತವೆ ಎಂದು ಮೊದಲು ಸರಿಯಾಗಿ ನೋಡಿದವರಲ್ಲಿ ಮುಖ್ಯರಾದವರು ಡಾಕ್ಟರಲ್ಲ, ಹಾಡು ಕಲಿಸುವವರು. ಮ್ಯಾನ್ಯುಯೆಲ್ ಗಾರ್ಸಿಯಾ ಎಂಬ ಸ್ಪೇನ್ ಮೂಲದ ಸಂಗೀತ ಶಿಕ್ಷಕರು 1854ರಲ್ಲಿ ಗಂಟಲೊಳಗೆ ಸಣ್ಣ ಕನ್ನಡಿ ಹಿಡಿದು, ಬಿಸಿಲು ಬಿಟ್ಟು ತಮ್ಮದೇ ಧ್ವನಿತಂತು ನೋಡಿಕೊಂಡರು. ಮದುವೆ ಮನೆಯಲ್ಲಿ ಹಾಡು ಹೇಳುವ ಆಯಿಗೆ ಈ ವಿಷಯ ಹೇಳಿದಾಗ ಬಹಳ ಖುಷಿಯಾಯಿತು.

ಚಿಕಿತ್ಸೆ ಅಂದರೆ ಹೆಚ್ಚಾಗಿ ಸುಮ್ಮನಿರುವುದು. ಜೋರಾಗಿ ಕೂಗಬಾರದು. ಪಿಸುಗುಟ್ಟಲೂಬಾರದು, ಅದರಲ್ಲೂ ಗಂಟಲಿಗೆ ಶ್ರಮ. ಖ್ಯಾಕರಿಸಬಾರದು, ಹಾಗನ್ನಿಸಿದಾಗ ಒಂದು ಗುಟುಕು ನೀರು ನುಂಗಬೇಕು. ಹೊಟ್ಟೆಯ ಆಮ್ಲ ಮೇಲೆ ಬಂದು ಗಂಟು ಕೆರಳಿಸದಂತೆ ಬೆಳಿಗ್ಗೆ ಖಾಲಿ ಹೊಟ್ಟೆಗೆ ಒಂದು ಗುಳಿಗೆ. ರಾತ್ರಿ ಬೇಗ ಊಟ, ಉಂಡ ಕೂಡಲೇ ಮಲಗುವುದಿಲ್ಲ. ಮಂಚದ ತಲೆಯ ಕಡೆ ಎತ್ತರ. ಕತ್ತರಿಸಿ ತೆಗೆದರೆ ಎಷ್ಟೋ ಸಲ ಮತ್ತೆ ಬೆಳೆಯುತ್ತದೆ, ಉಸಿರಿಗೆ ಅಡ್ಡಿ ಇಲ್ಲದಿದ್ದರೆ ಕಾಯುವುದೇ ಒಳ್ಳೆಯದು ಎಂದರು. ನನಗೂ ಅದೇ ಸರಿ ಕಂಡಿತು. ಮಗಳು ಹಳೇ ನೋಟ್‌ಬುಕ್ ಕೊಟ್ಟಳು. ಕೈಗೆ ಶಕ್ತಿ ಬರುತ್ತಿತ್ತು, ಆಯಿ ಬರೆದು ತೋರಿಸುತ್ತಿದ್ದಳು. ಅಕ್ಷರ ದಿನದಿಂದ ದಿನಕ್ಕೆ ನೆಟ್ಟಗಾಯಿತು. ಬಂದವರಿಗೆ 'ಆಯಿ ಮಾತಾಡುವ ಹಾಗಿಲ್ಲ, ನೀವು ಹೇಳಿ, ಅವಳು ಕೇಳುತ್ತಾಳೆ' ಎಂದು ನಾವೇ ಹೇಳುತ್ತಿದ್ದೆವು. ಯಾರೂ ಬೇಜಾರು ಮಾಡಿಕೊಳ್ಳಲಿಲ್ಲ.

ಮಧ್ಯೆ ಮಧ್ಯೆ ಸ್ಕೋಪ್ ಮಾಡಿ ನೋಡಿದರು. ಗಂಟು ಸಣ್ಣದಾಗುತ್ತಾ ಬಂತು. ಮಳೆಗಾಲ ಮುಗಿಯುವ ಹೊತ್ತಿಗೆ ಅಲ್ಲೊಂದು ಬಿಳಿ ಗುರುತು ಮಾತ್ರ ಉಳಿದಿತ್ತು. ಸ್ವರ ಮೊದಲಿಗಿಂತ ಸ್ವಲ್ಪ ತಗ್ಗು. ಎತ್ತರದ ಹಾಡು ಬರುವುದಿಲ್ಲ. ತೋಟಕ್ಕೆ ಕೇಳುವಷ್ಟು ಕೂಗುತ್ತಾಳೆ, ಆದರೆ ನಾನೇ ಬೇಡ ಎಂದಿದ್ದೇನೆ.

ಹುಬ್ಬಳ್ಳಿಯ ಡಾಕ್ಟರು ಕೊಟ್ಟ ಒಂದು ಪ್ರತ್ಯೇಕ ಕಾಗದ ನಮ್ಮ ಫೈಲಿನ ಎಲ್ಲಕ್ಕಿಂತ ಮೇಲೆ ಇದೆ. ಎಷ್ಟು ಸೈಜಿನ ಟ್ಯೂಬ್ ಹಾಕಿದ್ದರು, ಎಷ್ಟು ಹೊತ್ತು ಬೋರಲು ಇದ್ದಳು, ನಾಲಿಗೆ ಊದಿದ್ದು, ಕಫ್ ಲೀಕ್ ಇಲ್ಲದಿದ್ದದ್ದು, ಸ್ಟ್ರೈಡರ್ ಬಂದದ್ದು, 'ಪ್ರಿಲ್' ಗುಂಪಿನ ಮಾತ್ರೆ ಇನ್ನು ಯಾವತ್ತೂ ಕೊಡಬಾರದು ಎಂಬುದು, ಎಲ್ಲ ಅದರಲ್ಲಿದೆ. ಮುಂದೆ ಎಲ್ಲೇ ಆಪರೇಷನ್ ಆದರೂ ಅರಿವಳಿಕೆ ಡಾಕ್ಟರಿಗೆ ಮೊದಲು ಇದನ್ನೇ ತೋರಿಸಿ ಎಂದಿದ್ದಾರೆ. ಅದರ ಕೆಳಗೆ ಶಿರಸಿಯ ಸ್ಕೋಪ್ ರಿಪೋರ್ಟ್ ಸೇರಿಸಿದ್ದೇನೆ. ಎರಡರ ಫೋಟೋ ನನ್ನ ಫೋನಿನಲ್ಲಿ, ಹೆಂಡತಿಯ ಫೋನಿನಲ್ಲಿ, ಬೆಂಗಳೂರಿನ ತಂಗಿಯ ಫೋನಿನಲ್ಲಿ ಇವೆ.

ಮೊನ್ನೆ ಆಯಿಯ ಕಣ್ಣಿನ ಪೊರೆ ತೆಗೆಸಲು ಶಿರಸಿಯಲ್ಲಿ ತೋರಿಸಿದೆವು. ಕಣ್ಣಿನ ಸುತ್ತ ಮಾತ್ರ ಮರಗಟ್ಟಿಸಿ ಮಾಡುವ ಆಪರೇಷನ್, ಟ್ಯೂಬ್ ಬೇಕಾಗುವುದಿಲ್ಲ. ಆದರೂ ಆ ಕಾಗದ ಮುಂದಿಟ್ಟೆವು. ಡಾಕ್ಟರು ಪೂರ್ತಿ ಓದಿದರು, ಈಗಿನ ಬಿಪಿ ಮಾತ್ರೆಯ ಹೆಸರು ಕೇಳಿದರು, ಕೇಸ್ ಶೀಟಿನ ಮೇಲೆ ಕೆಂಪು ಪೆನ್ನಿನಲ್ಲಿ ಬರೆದುಕೊಂಡರು. ಮುಂದಿನ ವಾರಕ್ಕೆ ದಿನ ಕೊಟ್ಟಿದ್ದಾರೆ.